ಕೀಲಿ ಹಾಕಿದ ಖೋಲಿ

“ಮ್ಯಾಲಿಂದು ಸ್ಟೋರ್ ರೂಮ್ ಅಂತ ಹೇಳು, ಸಾಕು,” ಎಂದು, ಮೇಲಿನ ಖೋಲಿಗೆ ಹೊರಗಿನಿಂದ ಬೀಗ ಜಡಿದು ಬಂದ ಸುಭಾಷ ಕೀಲಿಕೈಯನ್ನು ಅಂಗಿಯ ಜೇಬಿಗೆ ಇಳಿಸಿದ. “ಅಲ್ಲಿ ಮಂದಿ ಇದ್ದದ್ದು ಗೊತ್ತಾದ್ರ ಮುನ್ಸಿಪಾಲ್ಟಿಯವ್ರು ಮಾಳಿಗಿನ ಕಿತ್ತ ಹಾಕ್ತಾರ. ಆಮ್ಯಾಲ ನೀನೂ ಗಂಟುಮೂಟಿ ಕಟ್ಟಬೇಕಾಗ್ತದ, ನೋಡು.”

ಸುಭಾಷ ಮುಂಬಯಿಯ ಕುರ್ಲಾದ ಆ ಚಾಳಿನ ಮಾಲೀಕ. ಶಿವಕುಮಾರಿ ಹನ್ನೊಂದು ವರ್ಷದಿಂದ ಕೆಳಗಿನ ಖೋಲಿಯ ಬಾಡಿಗೆದಾರಳು; ಇವತ್ತಿನ ವಿಪತ್ತು ಕವಾಯತಿನಲ್ಲಿ ಚಾಳಿನ ಮಂದಿಯನ್ನು ಎಣಿಸಿ ಬರೆದುಕೊಳ್ಳುವವಳು. ಮೇಲಿನ ತಗಡಿನ ಖೋಲಿಯಲ್ಲಿ ಕಲಬುರಗಿ ಕಡೆಯ ಒಂಬತ್ತು ಮಂದಿ ಇದ್ದರು. ರಾತ್ರಿಯಿಡೀ ಬೇಕರಿಯಲ್ಲಿ ಪಾವ್ ಹಿಟ್ಟು ನಾದಿ, ಹಗಲು ಹೆಣದಂತೆ ಮಲಗುವವರು. ಅವರ ಪೈಕಿ ಹಿರಿಯ ಹಣಮಂತ ಬೆಳಿಗ್ಗೆ ಕೈಮುಗಿದಿದ್ದ. “ಅಕ್ಕಾ, ನಮ್ಮ ಹೆಸರು ಬರಿಬ್ಯಾಡ್ರಿ. ಇದೂ ಹೋದ್ರ ಎಲ್ಲಿ ಮಕ್ಕೋಬೇಕು ನಾವು?” ಅವನ ಹುಬ್ಬಿನಲ್ಲಿ ಇನ್ನೂ ಹಿಟ್ಟಿತ್ತು. ಹೂಂ ಎಂದಿದ್ದಳು. ಆಗಿನಿಂದ ಒಂದು ಕಡೆ ನಿಲ್ಲಲಾಗುತ್ತಿರಲಿಲ್ಲ ಅವಳಿಗೆ.

ಹನ್ನೊಂದಕ್ಕೆ ಸೈರನ್ ಕೂಗಿತು. ಚಾಳಿನ ಒಂದು ಭಾಗ ಕುಸಿದಿದೆ ಎಂದು ಅಣಕು ಕವಾಯತು. ಪೊಲೀಸರು ಜನರನ್ನು ಸರಿಸಲಿ ಎಂದು ಅಗ್ನಿಶಾಮಕದವರು ಕಾದರು, ಪೊಲೀಸರು ವಾರ್ಡ್ ಆಫೀಸಿನ ಅಪ್ಪಣೆಗೆ ಕಾದರು, ಆಂಬುಲೆನ್ಸು ಗಲ್ಲಿಯ ಬಾಯಲ್ಲಿ ಟೆಂಪೋ ಸರಿಯಲೆಂದು ಕಾಯಿತು. ಎಲ್ಲರ ಕೈಯಲ್ಲೂ ಚಾಳಿನವರ ಹೆಸರಿನ ಪಟ್ಟಿ ಮಾತ್ರ ಇತ್ತು. ಶಿವಕುಮಾರಿ ಸ್ವಯಂಸೇವಕರ ಕಿತ್ತಳೆ ಜಾಕೀಟು ತೊಟ್ಟು ಬಾಗಿಲು ಬಾಗಿಲು ಬಡಿದಳು. ಹನ್ನೆರಡು ದಿನದ ತರಬೇತಿಯಲ್ಲಿ ಹೇಳಿಕೊಟ್ಟದ್ದು ಇಷ್ಟೇ: ಮನೆ ಖಾಲಿ ಮಾಡಿಸು, ತಲೆ ಎಣಿಸು. ಬೀಗ ಬಿದ್ದ ಮನೆ ಖಾಲಿ ಎಂದೇ ಲೆಕ್ಕ.

“ಎಷ್ಟ ಮಂದಿ?” ಎಂದರು ರೂಪಾಲಿ ಮ್ಯಾಡಮ್. ವಾರ್ಡಿನ ವಿಪತ್ತು ಅಧಿಕಾರಿ, ಬೆಳಗಾವಿಯವರು.

“ಅರವತ್ತೆರಡ್ರಿ.”

“ಪೊಲೀಸರ ಪಟ್ಟ್ಯಾಗೂ ಅಷ್ಟ ಅದಾರ. ಬರೋಬರ್ ಆತು!” ಸುತ್ತ ಚಪ್ಪಾಳೆ ಬಿತ್ತು. ಮ್ಯಾಡಮ್ ಮೇಲೆ ನೋಡಿದರು. “ಅದಕ್ಕ ಕೀಲಿ ಹಾಕೇದ, ಖಾಲಿ. ಇನ್ನ ಜೆಸಿಬಿ ಕರೀರಿ, ಅವಶೇಷ ತಗೀಲಿ.”

ಜೆಸಿಬಿ ಬಂದು ಸುಮ್ಮನೆ ಕೈ ಎತ್ತಿ ಇಳಿಸುತ್ತದೆ, ಅಷ್ಟೇ. ಆಟ ಅದು, ಅವಳಿಗೆ ಗೊತ್ತು. ಆದರೆ ನಿಜವಾಗಿ ಕುಸಿದ ದಿನವೂ ಇದೇ ಪಟ್ಟಿ, ಇದೇ ಕೀಲಿ, ಇದೇ ಜೆಸಿಬಿ.

“ನಿಲ್ಲಸ್ರಿ!” ಎಂದಳು. “ಮ್ಯಾಲ ಒಂಬತ್ತ ಮಂದಿ ಮಲಗ್ಯಾರ!”

“ಕೀಲಿಕೈ ಯಾರ ಕಡೆ ಅದ?”

“ಸುಭಾಷ ಅಣ್ಣಾರ ಕಿಸೇದಾಗ.” ಅವನ ಕಡೆ ನೋಡದೆ ಹೇಳಿದಳು.

ಸುಭಾಷ ಕೀಲಿಕೈ ಕೊಟ್ಟ. “ನಿನ್ನ ಮನಿ ನೀ ಹುಡಕ್ಕೋ ಇನ್ನ,” ಎಂದು ಹಲ್ಲು ಕಚ್ಚಿ ಅಂದ. ಅಗ್ನಿಶಾಮಕದವನೊಬ್ಬ ಕಬ್ಬಿಣದ ಏಣಿ ಹತ್ತಿ ಬಾಗಿಲು ತೆಗೆದ. ಲುಂಗಿ ಬಿಗಿಯುತ್ತ, ಬಿಸಿಲಿಗೆ ಕಣ್ಣು ಕಿರಿದು ಮಾಡುತ್ತ ಒಬ್ಬೊಬ್ಬರೇ ಇಳಿದರು. ಕೊನೆಯವನು ಹಣಮಂತ. ಅವಳ ಮುಖ ನೋಡದೆ ಅತ್ತ ತಿರುಗಿ ನಿಂತ. ಅವಳಿಗೆ ನಾಚಿಕೆಯಾಯಿತು, ಸಿಟ್ಟೂ ಬಂತು.

“ಒಂಬತ್ತು! ಎಲ್ಲಾ ಬಂದ್ರು!” ಎಂದು ಕೂಗಿದಳು.

“ಇಲ್ರಿ,” ಎಂದ ಹಣಮಂತ ತಲೆ ಎತ್ತದೆ. “ಒಳಗ ನಮ್ಮಪ್ಪ ಅದಾನ. ಕಣ್ಣಿನ ಆಪರೇಶನ್ನಿಗಂತ ಮೊನ್ನಿ ಕರಕೊಂಡ ಬಂದೀನಿ.”

ಈ ಹತ್ತನೆಯವನ ಸುದ್ದಿಯೇ ಅವಳಿಗಿರಲಿಲ್ಲ. ಒಂದು ಕಣ್ಣಿಗೆ ಬಟ್ಟೆ ಕಟ್ಟಿದ್ದ ಮುದುಕ ಹಿಂದುಮುಂದಾಗಿ, ಕಾಲಿನಿಂದಲೇ ಮೆಟ್ಟಿಲು ತಡವುತ್ತ ಇಳಿದ. ಕೆಳಗೆ ಅಗ್ನಿಶಾಮಕದವನು, ಪೊಲೀಸು, ಮುನ್ಸಿಪಾಲ್ಟಿಯವನು ಮೂವರೂ ಕರೆಯದೆಯೇ ಬಂದು ಏಣಿ ಹಿಡಿದಿದ್ದರು. ನೆಲ ಸಿಕ್ಕೊಡನೆ ಮುದುಕ ಕೈಚಾಚಿ ಅವಳ ತೋಳು ಹಿಡಿದುಕೊಂಡ.

“ಎಲ್ಲಾರೂ ಹೊರಗ ಬಂದ್ರೇನವ್ವಾ?”

ಶಿವಕುಮಾರಿ ತಲೆ ಎತ್ತಿದಳು. ಗಲ್ಲಿಯ ತುದಿಯವರೆಗೂ ಕಣ್ಣು ಹಾಯಿಸಿದಳು. ಸಾಲು ಚಾಳುಗಳ ಮೇಲೆ ತಗಡಿನ ಖೋಲಿಗಳು, ಒಂದೊಂದರ ಬಾಗಿಲಲ್ಲೂ ಕೀಲಿ.