ಒಳಗಿನಿಂದ ನಾಲ್ಕು ಬೀಗ

೧

ಎಲ್ಲಿಂದ ಶುರು ಮಾಡಲಿ? ‘ನನ್ನ ತಮ್ಮ ಬೀಗ ರಿಪೇರಿಯವನು, ಕುಡುಕ’ ಎಂದು ಬರೆದೆ. ಪುಟದೊಳಗಿಂದ ಅವನೇ ತಕರಾರು ತೆಗೆದ.

“ಅಕ್ಕಾ, ಮೊದಲ್ನೇ ಸಾಲಲ್ಲೇ ಮಾನ ಕಳೀತೀಯಲ್ಲೇ! ಎರಡನೇ ಸಾಲಿಗಾದ್ರೂ ಹಾಕು.”

ಓದುಗರೇ, ಆ ಸಾಲು ಹೊಡೆದುಹಾಕಿದ್ದೇನೆ. (ನೀವಾಗಲೇ ಓದಿಬಿಟ್ಟಿರಿ. ಇರಲಿ.)

೨

ಕುಡಿತ ಬಿಡುತ್ತೇನೆಂದು ಅವನು ಬಾಟಲಿಯನ್ನು ತನ್ನ ಮನೆಯ ಕಪಾಟಿನಲ್ಲಿಟ್ಟು ಬೀಗ ಜಡಿದು, ಕೀಲಿ ನನ್ನ ಕೈಗೆ ಕೊಟ್ಟ. ಬಾಟಲಿಯನ್ನೇ ಚೆಲ್ಲಬಹುದಿತ್ತಲ್ಲ ಎನ್ನುತ್ತೀರಿ. ನಾನೂ ಅಂದೆ.

“ಚೆಲ್ಲಿದ್ರೆ ನನ್ನ ಬೀಗಕ್ಕೇನು ಮರ್ಯಾದೆ?”

ಆದರೆ ಅವನ ಬೆರಳಿಗೆ ಕೀಲಿ ಯಾಕೆ? ಒಂದು ತಂತಿ ಸಾಕು. ಅಮಲಿನಲ್ಲಿ ತಾನೇ ತೆಗೆದು ಕುಡಿದು ತಾನೇ ಮುಚ್ಚುತ್ತಿದ್ದ. ಎಚ್ಚರವಾದ ಮೇಲೆ ಬೀಗ ನೆಟ್ಟಗಿದ್ದು ಬಾಟಲಿ ಮಾತ್ರ ಇಳಿದಿರುವುದನ್ನು ಕಂಡು ಬೆವರುತ್ತಿದ್ದ.

“ಯಾವನೋ ಕಳ್ಳ ಬರ್ತಿದಾನೆ ಅಕ್ಕಾ. ಪಳಗಿದ ಕೈ. ಒಂದು ಗೀರೂ ಬಿದ್ದಿಲ್ಲ.”

“ನೀನೇ ಕಣೋ ಅದು.”

“ಅಂದ್ರೆ, ನನ್ನಷ್ಟು ಒಳ್ಳೇ ಕೆಲಸಗಾರ ಅಂತೀಯಾ?”

ಅವನ ಮುಖದಲ್ಲಿ ಭಯವಿತ್ತು. ಸ್ವಲ್ಪ ಹೊಟ್ಟೆಕಿಚ್ಚೂ ಇತ್ತು.

೩

ಆ ಕಳ್ಳನಿಗೆ ಹೆದರಿ ಬೀದಿಬಾಗಿಲಿಗೆ ಒಳಗಿನಿಂದ ನಾಲ್ಕು ಬೀಗ ಕೂರಿಸಿದ, ಎಲ್ಲವೂ ಸ್ವಂತ ಕೈಕೆಲಸ. ವಾರವಾಗಿರಲಿಲ್ಲ. ನಾನು ಬೆಳಗಿನ ಪ್ರಾರ್ಥನೆಗೆ ಕೂತಿದ್ದೆ, ಫೋನ್ ಬಂತು.

“ಅಕ್ಕಾ, ಎದೆ ಹಿಡ್ಕೊಂಡ ಹಾಗಿದೆ. ಸ್ವಲ್ಪ ಬರ್ತೀಯಾ?”

ಅಮಲಿರಬೇಕು ಎಂದುಕೊಂಡೆ. “ಪ್ರಾರ್ಥನೆ ಮುಗಿಸಿ ಬರ್ತೀನಿ” ಅಂದೆ. ಮುಗಿಸಿಯೇ ಹೋದೆ.

ಬಾಗಿಲಲ್ಲಿ ನೆರೆಯವರೆಲ್ಲ ಸೇರಿದರು. “ಬೀಗದವನನ್ನ ಕರೀರಿ!” ಎಂದು ಒಬ್ಬರು ಕೂಗಿದರು. ಎಲ್ಲರೂ ಬಾಗಿಲನ್ನೇ ನೋಡಿದೆವು.

ಬಡಗಿ ಬಂದು ಒಡೆಯುವ ಹೊತ್ತಿಗೆ ತಮ್ಮ ತಣ್ಣಗಾಗಿದ್ದ.

೪

ಇದು ನಡೆದದ್ದು. ಕಥೆಯಲ್ಲೂ ಹೀಗೇ ನಡೆಯಬೇಕೆಂದು ಯಾರು ಹೇಳಿದರು?

ಮುಕ್ತಾಯ ಒಂದು: ನಾನು ಪ್ರಾರ್ಥನೆ ಅರ್ಧಕ್ಕೇ ಬಿಟ್ಟು ಓಡುತ್ತೇನೆ. (ದೇವರು ಬೇಸರಪಡುತ್ತಿರಲಿಲ್ಲ. ನಾನು ಅವನನ್ನು ಅಷ್ಟು ಸಣ್ಣವನೆಂದುಕೊಂಡಿದ್ದೆ.)

ಮುಕ್ತಾಯ ಎರಡು: ನಿಜವಾಗಿ ಒಬ್ಬ ಕಳ್ಳನಿದ್ದಾನೆ. ನಾಲ್ಕೂ ಬೀಗ ತೆಗೆದು ಒಳಹೊಕ್ಕು, ತಮ್ಮನನ್ನು ಹೆಗಲ ಮೇಲೆ ಹೊತ್ತು ಆಸ್ಪತ್ರೆಗೆ ಸೇರಿಸುತ್ತಾನೆ. ಈಗ ದಿನವೂ ಆ ಕಳ್ಳನನ್ನೇ ದೇವರಲ್ಲಿ ಬೇಡುತ್ತೇನೆ.

“ಎರಡನೇದು ಚೆನ್ನಾಗಿದೆ ಅಕ್ಕಾ. ಆದ್ರೆ ನನ್ನ ಬೀಗ ಇನ್ನೊಬ್ಬ ತೆಗೆದ ಅಂತ ಬರೆದ್ರೆ ಅಂಗಡಿ ಮುಚ್ಚಬೇಕಾಗುತ್ತೆ.”

“ಮತ್ತೆ ಏನ್ ಬರೀಲೋ?”

“ನಾನೇ ತೆಗೀತೀನಿ, ತಾಳು.”

ಬಡಗಿ ಉಳಿ ಎತ್ತಿದ್ದಾನೆ. ಆ ವಾಕ್ಯವನ್ನು ಅಲ್ಲಿಗೇ ನಿಲ್ಲಿಸಿ, ಬಾಗಿಲಿಗೆ ಕಿವಿಯಿಟ್ಟಿದ್ದೇನೆ.

“ಮೂರನೇ ಬೀಗ ಬಿಗಿಯಾಗಿದೆ ಅಕ್ಕಾ. ಹೋಗ್ಬಿಡ್ತೀಯಾ?”

“ಇಲ್ಲೇ ಇದೀನಿ ಕಣೋ. ನಿಧಾನವಾಗಿ ತೆಗಿ.”