ಬಾಣಂತಿಯ ಉಳಿದರ್ಧ ಮಾತು

ಬಾಗಿಲು ಬಡಿದ ಸದ್ದು. ಮೊದಲು ಮೆಲ್ಲಗೆ, ಮರುಕ್ಷಣವೇ ಅಂಗೈಯಿಂದ, ಬಿರುಸಾಗಿ.

ಬಿಂದು ಚಿಲಕ ತೆಗೆದಳು. ಹೊಸ್ತಿಲಾಚೆ ಬರಿಗಾಲಲ್ಲಿ ಕೀರ್ತನಾ. ಹೆಗಲ ಮೇಲೆ ಮೂರು ತಿಂಗಳ ಕೂಸು. ಹತ್ತೊಂಬತ್ತರ ಈ ತಾಯಿಯ ಬದುಕನ್ನು ಸಾಕ್ಷ್ಯಚಿತ್ರವಾಗಿಸಲೆಂದೇ ಬಿಂದು ಬಾಗೂರಿನಲ್ಲಿ ಕೋಣೆ ಹಿಡಿದಿದ್ದಳು. ಪ್ರಶ್ನೆ ಕೇಳುವುದಿಲ್ಲ, ನಟಿಸೆನ್ನುವುದಿಲ್ಲ. ನಡೆದದ್ದನ್ನು ಇದ್ದಂತೆ ತೋರಿಸುವುದು ಅವಳ ವ್ರತ.

“ಅಕ್ಕಾ, ಕ್ಯಾಮೆರಾ ಮುಂದೆ ನಾನಾಡಿದ್ದ ಮಾತು ಮನೆ ಫೋನಿಗೆ ಬಂದೈತೆ. ‘ಈ ಕೂಸನ್ನ ಮಲಗಿಸಿ ಎತ್ಲಾಗಾದ್ರೂ ಹೋಗ್ಬಿಡಾಣ ಅನ್ನಿಸ್ತೈತೆ’ ಅಂದಿದ್ನಲ್ಲ, ಅದು. ‘ಕೂಸು ಬಿಟ್ಟು ನಿಮ್ಮವ್ವನ ಮನೆಗೆ ನಡಿ’ ಅಂದ್ರು ಅತ್ತೆ. ಎತ್ಕಂಡು ಓಡಿಬಂದೆ. ಹಿಂದೇನೇ ಬರ್ತಾವ್ರೆ.”

ಜಗುಲಿಯಲ್ಲಿ ಮಲಗಿದ್ದ ಕ್ಯಾಮೆರಾಮನ್ ಶರಣ್ ಎದ್ದು ಕುಳಿತಿದ್ದ. ಬಿಂದು ಅವನತ್ತ ಉರಿಗಣ್ಣು ಬಿಟ್ಟಳು.

“ಲೇ, ಯಾರಿಗೆ ಕಳಿಸಿದೆ?”

“ನಾನ್ಯಾಕೆ ಕಳಿಸ್ಲಿ ಮೇಡಂ? ಕೀರ್ತನಾ ಒಪ್ಪಿಗೆಗೆ ಅಂತ ದಿನಾ ಸಂಜೆ ತುಣುಕು ಕಳಿಸೋರು ನೀವು.”

“ಅದು ಅವಳ ನಂಬರಿಗೆ.”

“ನನಗೆಲ್ಲಿ ಬೇರೆ ಫೋನು ಅಕ್ಕಾ?” ಎಂದಳು ಕೀರ್ತನಾ. “ಅಂಗನವಾಡಿಗೂ ಮನೆ ನಂಬರೇ ಕೊಟ್ಟಿರೋದು. ಬಂದ ಕೂಡ್ಲೆ ನೋಡಿ ಅಳಿಸ್ತಿದ್ದೆ. ಇವತ್ತು ಅತ್ತೆ ಕೈಲಿತ್ತು.”

ಹೊರಗೆ ಬೈಕು ನಿಂತಿತು. ಅತ್ತೆ ಕಾಟಮ್ಮ ಒಳಬಂದವಳೇ ಎರಡೂ ಕೈ ಚಾಚಿದಳು.

“ಕೊಡು ಇತ್ಲಾಗೆ. ತಾಯಿ ಕುರಿ ಒಲ್ಲೆ ಅಂದ ಮರಿಗಳನ್ನೇ ಹಾಲು ಕುಡಿಸಿ ಬದುಕಿಸಿದೀನಿ, ಇದ್ಯಾವ ಲೆಕ್ಕ.”

ಕೀರ್ತನಾಳ ಬೆನ್ನು ಗೋಡೆಗೆ ತಾಗಿತು. “ಅದಾದ್ಮೇಲೆ ಇನ್ನೊಂದು ಮಾತೂ ಹೇಳಿದ್ದೆ ಅತ್ತೆ.”

“ಫೋನ್ನಾಗೆ ಇಲ್ಲ.”

ಬಿಂದು ಲ್ಯಾಪ್‌ಟಾಪ್ ತೆರೆದಳು. ಮೂಲ ದೃಶ್ಯ ಓಡಿತು. ಅದೇ ಮಾತು, ಕೂಸಿನ ಅಳು. ಬಳಿಕ ತೆರೆಯ ಮೇಲಿನ ಕೀರ್ತನಾ ಕೂಸಿನ ಬೆರಳನ್ನು ತುಟಿಗೆ ಒತ್ತಿಕೊಂಡಳು: “ಹೋದ್ರೂ ನಿನ್ನ ಎತ್ಕಂಡೇ ಹೋಗ್ತೀನಿ ಕಣೋ. ಬಿಟ್ಟೋಗೋಳಾ ನಾನು?”

ಕಾಟಮ್ಮನ ಚಾಚಿದ ಕೈಗಳು ಇಳಿದವು. ತನ್ನ ಸೆರಗನ್ನು ಕೂಸಿನ ತಲೆಗೆ ಹೊದಿಸಿದಳು.

“ಥಂಡಿ ಐತೆ. ಇಬ್ರೂ ನಡೀರಿ ಮನೆಗೆ.” ಬಾಗಿಲಲ್ಲಿ ತಿರುಗಿ ನಿಂತಳು. “ಇಂಥಾ ಮಾತನ್ನ ನಡುವೆ ಕಡಿದೋರು ಯಾರು?”

ಶರಣ್ ನೆಲ ನೋಡಿದ. ತಾಯ್ತನದ ಸಿಹಿಯನ್ನು ಎಲ್ಲರೂ ತೋರಿಸುತ್ತಾರೆ, ಕಹಿಯೊಂದೇ ಸಾಚಾ ಎಂದು ನಂಬಿ ಕತ್ತರಿಯಾಡಿಸಿದವಳು ಅವನೆದುರೇ ನಿಂತಿದ್ದಳು.

ಬಿಂದು.