ಎಡಗೀಲಿ ಇಲ್ಲ ಅಂದದ್ದು

ನೆಲದಡಿಯ ಆ ಕೋಣೆಯಲ್ಲಿ ಕೂರುವ ಇಬ್ಬರಿಗೆ ಇಲಾಖೆ ಕೊಟ್ಟ ಹುದ್ದೆಯ ಹೆಸರು ಬಹಳ ಉದ್ದ. ಹೇಳಿ ಮುಗಿಸುವಷ್ಟರಲ್ಲಿ ಚಹಾ ಆರಿಹೋಗುತ್ತದೆ. ಕ್ಯಾಂಟೀನಿನವರು ಅದನ್ನೆಲ್ಲ ಬದಿಗಿಟ್ಟು, ಎಡಗಡೆಯ ಕೀಲಿಕೈ ಹಿಡಿಯುವ ಹೆಂಗಸನ್ನು ಎಡಗೀಲಿ ಅಂತಲೂ, ಬಲಗಡೆಯ ಗಂಡಸನ್ನು ಮೇಷ್ಟ್ರು ಅಂತಲೂ ಕರೆಯುತ್ತಿದ್ದರು. ಮೇಷ್ಟ್ರು ಒಂದು ಕಾಲಕ್ಕೆ ಶಾಲೆಯಲ್ಲಿ ಲೆಕ್ಕ ಕಲಿಸಿದವರು. ಈಗಲೂ ಮಾತಿಗೆ ನಿಂತರೆ ತೋರುಬೆರಳು ತಾನಾಗಿಯೇ ಮೇಲೇಳುತ್ತಿತ್ತು. ಇಬ್ಬರನ್ನೂ ಸೇರಿಸಿ ಹೇಳುವಾಗ ಜೋಡೆತ್ತು.

ಜೋಡೆತ್ತಿನ ಪಾಳಿ ಹಗಲಿಗೆ, ರಾತ್ರಿಗೆ ಬೇರೆ ಊರಿನಲ್ಲಿ ಇಂಥದ್ದೇ ಬೇರೆ ಕೋಣೆ. ಕೆಲಸ ಇಷ್ಟೇ. ಮೇಲಿನಿಂದ ಆಜ್ಞೆ ಬಂದರೆ ಇಬ್ಬರೂ ಒಟ್ಟಿಗೆ ಕೀಲಿಕೈ ತಿರುಗಿಸಬೇಕು. ತಿರುಗಿಸಿದರೆ ಎಲ್ಲೋ ದೂರದ ಬಯಲಿನಿಂದ ಅಣ್ವಸ್ತ್ರ ಹೊತ್ತ ಕ್ಷಿಪಣಿಗಳು ಏಳುತ್ತವೆ, ಆಮೇಲೆ ಯಾರೂ ಯಾರನ್ನೂ ಏನೆಂದೂ ಕರೆಯಬೇಕಾಗಿಲ್ಲ. ಎದುರಿನವರು ಹೆದರಿಕೊಂಡು ಸುಮ್ಮನಿರಲಿ ಅಂತ ಇಟ್ಟ ಅಸ್ತ್ರ ಅದು, ಬಳಸಿದರೆ ಕೆಲಸ ಕೆಟ್ಟಂತೆಯೇ. ಹಾಗಾಗಿ ವರ್ಷಗಟ್ಟಲೆ ಕೂತು ಏನೂ ಮಾಡದೇ ಇದ್ದದ್ದಕ್ಕೆ ಇಬ್ಬರಿಗೂ ಸಂಬಳ ಬರುತ್ತಿತ್ತು.

ಒಬ್ಬರಿಗೇ ಎರಡೂ ಕೀಲಿಕೈ ಎಟುಕಬಾರದೆಂದು ಕುರ್ಚಿಗಳನ್ನು ದೂರ ದೂರ ಇಟ್ಟು ನೆಲಕ್ಕೆ ಬೋಲ್ಟ್ ಹಾಕಿದ್ದರು. ತಿರುಗಿಸುವ ಮುನ್ನ ಇಬ್ಬರೂ ತಮ್ಮ ತಮ್ಮ ಪರದೆಯಲ್ಲಿ ಬಂದ ಅಕ್ಷರಗಳನ್ನು ತಮ್ಮ ತಮ್ಮ ಕಾರ್ಡಿನ ಜೊತೆ ತಾಳೆ ನೋಡಬೇಕು. ಒಂದಕ್ಷರ ಆಚೀಚೆಯಾದರೂ ತಿರುಗಿಸುವ ಹಾಗಿಲ್ಲ. ಇನ್ನೊಂದು ನಿಯಮವೂ ಇತ್ತು: ಒಂದೇ ಮನೆಯವರು ಆ ಎರಡು ಕುರ್ಚಿಗಳಲ್ಲಿ ಕೂರುವಂತಿಲ್ಲ. ಗಂಡ ಹೆಂಡತಿಯಾದರೆ ಒಬ್ಬರು ಹೇಳಿದ್ದಕ್ಕೆ ಇನ್ನೊಬ್ಬರು ಹೂಂ ಅಂದುಬಿಡುತ್ತಾರಂತೆ. ಆ ನಿಯಮ ಬರೆದ ಪುಣ್ಯಾತ್ಮನಿಗೆ ಮದುವೆ ಆಗಿರಲಿಲ್ಲ ಅಂತ ಕಾಣುತ್ತದೆ.

ಎಡಗೀಲಿಗೆ ಮೇಷ್ಟ್ರೆಂದರೆ ಪ್ರಾಣ. ಇದನ್ನು ಸುತ್ತಿ ಬಳಸಿ ಹೇಳುವುದೇನಿದೆ? ಕ್ಯಾಂಟೀನಿನವರಿಗೂ ಗೊತ್ತಿತ್ತು, ಬಾಗಿಲು ಕಾಯುವವನಿಗೂ ಗೊತ್ತಿತ್ತು. ತೀರಿಕೊಂಡ ಅಕ್ಕನ ಮಗಳನ್ನು ಸಾಕುತ್ತಾ ತನ್ನ ಮದುವೆಯ ವಯಸ್ಸು ಯಾವಾಗ ದಾಟಿತೋ ಅವಳು ಗಮನಿಸಿರಲಿಲ್ಲ. ಮೇಷ್ಟ್ರ ಹೆಂಡತಿ ತೀರಿಹೋಗಿ ಬಹಳ ಕಾಲವಾಗಿತ್ತು. ಆ ಕೋಣೆಯ ಕೊರೆಯುವ ಚಳಿಗೆ ಎಡಗೀಲಿ ಹೆಣೆದುಕೊಟ್ಟ ಮಫ್ಲರು ಅವರ ಕುತ್ತಿಗೆಯಿಂದ ಇಳಿಯುತ್ತಲೇ ಇರಲಿಲ್ಲ. ಅವರು ಕಿತ್ತಳೆ ಸುಲಿದರೆ, ಬೀಜ ತೆಗೆದ ಅರ್ಧ ಅವಳ ಮೇಜಿಗೆ ಬರುತ್ತಿತ್ತು.

ತೊಂದರೆ ಶುರುವಾದದ್ದು ಕೋಣೆಯ ಮೂಲೆಗೆ ಒಂದು ಯಂತ್ರ ಬಂದು ಕೂತಾಗ. ಪ್ಲಾಸ್ಟಿಕ್ ಹೊದಿಕೆಯನ್ನೂ ತೆಗೆದಿರಲಿಲ್ಲ. ಹೊಸ ಕಾಲದ ಕ್ಷಿಪಣಿಗಳು ಆಕಾಶದಲ್ಲೇ ದಾರಿ ಬದಲಿಸಿ, ತಡೆಯಲು ಹಾರಿಸಿದ್ದನ್ನೂ ಏಮಾರಿಸಿ, ಕಣ್ಣು ಮಿಟುಕಿಸುವಷ್ಟರಲ್ಲಿ ತಲೆ ಮೇಲೆ ಬಂದಿರುತ್ತವಂತೆ. ಮನುಷ್ಯರು ಓದಿ, ಯೋಚಿಸಿ, ತಿರುಗಿಸುವ ಕಾಲ ಮುಗಿಯಿತಂತೆ. ಎರಡರಲ್ಲಿ ಒಂದು ಕುರ್ಚಿಯನ್ನಾದರೂ ಯಂತ್ರಕ್ಕೆ ಬಿಟ್ಟುಕೊಡಿ ಎಂದು ಮೇಲಿನವರು ಪಟ್ಟು ಹಿಡಿದಿದ್ದರು. ಅದನ್ನು ತಡೆಯುತ್ತಿದ್ದವರು ಒಬ್ಬರೇ, ಸದಾ ನೆಗಡಿಯಲ್ಲಿ ಮೂಗು ಒರೆಸಿಕೊಳ್ಳುವ ಹಿರಿಯ ಪರೀಕ್ಷಕಿ.

ಅವರು ಒಂದು ಬೆಳಿಗ್ಗೆ ತಾಲೀಮು ಇಟ್ಟರು. ತಾಲೀಮಾದರೆ ಹಳದಿ ದೀಪ, ನಿಜವಾದರೆ ಕೆಂಪು. ಹಳದಿ ದೀಪ ಹತ್ತಿತು. ಮೇಷ್ಟ್ರು ತಮ್ಮ ಅಕ್ಷರಗಳನ್ನು ಮಗ್ಗಿ ಒಪ್ಪಿಸುವ ಹಾಗೆ ಓದಿ, "ನನ್ನದು ಸರಿ ಇದೆ, ನಿಮ್ಮದು?" ಅಂದರು. ಎಡಗೀಲಿ ಅವರ ಮುಖ ನೋಡಿ, "ಸರಿ ಇದೆ ಮೇಷ್ಟ್ರೇ," ಅಂದಳು. ಎರಡೂ ಕೀಲಿಕೈ ಒಂದೇ ಉಸಿರಿಗೆ ತಿರುಗಿದವು.

ಬಾಗಿಲು ತೆಗೆದು ಬಂದ ಪರೀಕ್ಷಕಿ ಎಡಗೀಲಿಯ ಪರದೆಯನ್ನು ಬೆರಳಲ್ಲಿ ತಟ್ಟಿದರು. ಕೊನೆಯ ಅಕ್ಷರ ತಪ್ಪಿತ್ತು. ಅವರು ಬೇಕೆಂದೇ ತಪ್ಪಿಸಿದ್ದರು.

"ನೀನು ಓದಲೇ ಇಲ್ಲ ಅಲ್ವಾ?"

ಎಡಗೀಲಿಗೆ ನೆಲ ಬಾಯಿ ಬಿಟ್ಟರೆ ಸಾಕು ಅನ್ನಿಸಿತು. ಆದರೆ ಅವಳು ಆಗಲೇ ನೆಲದೊಳಗಿದ್ದಳು. "ಇಲ್ಲ ಮೇಡಂ. ಮೇಷ್ಟ್ರು ಸರಿ ಅಂದ್ರು, ಅದಕ್ಕೆ..."

"ಅಯ್ಯೋ ದೇವರೇ! ಅವನು ಹೂಂ ಅಂದ ಅಂತ ನೀನೂ ಹೂಂ ಅನ್ನೋದಾದ್ರೆ ನಿನ್ನ ಕುರ್ಚಿ ಯಾಕಮ್ಮ? ಎರಡನೇ ಕೀಲಿಕೈ ಇಟ್ಟಿರೋದು ತಿರುಗಿಸೋಕಲ್ಲ, ಬೇಕಾದಾಗ ತಿರುಗಿಸದೇ ಇರೋಕೆ. ಓದೋ ಕೆಲಸ ಆ ಯಂತ್ರಾನೂ ಮಾಡುತ್ತೆ. ಆಗಲ್ಲ ಅಂತ ಎದುರು ನಿಲ್ಲೋ ಒಂದು ಜೀವ ಬೇಕು ಅಂತ ನಾನು ಮೇಲಿನವರ ಹತ್ರ ಗಂಟಲು ಹರ್ಕೊಳ್ತಿದ್ದೀನಿ. ನೀನು ನೋಡಿದ್ರೆ ಅವನ ಮುಖ ನೋಡ್ಕೊಂಡು ತಿರುಗಿಸ್ತೀಯಾ!" ಮೂಗು ಒರೆಸಿಕೊಂಡು ಮತ್ತೆ ಹೇಳಿದರು, "ಇನ್ನೊಂದು ಸಲ ಪರೀಕ್ಷೆ ಮಾಡ್ತೀನಿ. ತಪ್ಪಿದ್ರೆ ಕುರ್ಚಿ ಅದಕ್ಕೆ." ಹೋಗುವಾಗ ತಮ್ಮ ಕರವಸ್ತ್ರವನ್ನೇ ದೀಪಕ್ಕೆ ಕಟ್ಟಿದರು. ಇನ್ನು ಹತ್ತಿದ್ದು ಹಳದಿಯೋ ಕೆಂಪೋ ಯಾರಿಗೂ ತಿಳಿಯುವಂತಿರಲಿಲ್ಲ.

ಮನೆಯಲ್ಲಿ ಅಕ್ಕನ ಮಗಳು ಚಿಕ್ಕಮ್ಮನಿಗೆ ಪಾಠ ಶುರು ಮಾಡಿದಳು. ಹಲ್ಲಿನ ಡಾಕ್ಟರ ಹತ್ತಿರ ಕೆಲಸ ಮಾಡುವ ಹುಡುಗಿ, ಬಾಯಿ ತೆರೆಸುವುದು ಅವಳಿಗೆ ಅಭ್ಯಾಸ.

"ಚಿಕ್ಕಮ್ಮ, ನಾಳೆ ನಿನ್ನ ಸ್ಕೂಟರ್ ನಂಗೆ ಬೇಕು."

"ತಗೊಂಡು ಹೋಗು."

"ಥೂ! ಇಲ್ಲ ಅನ್ಬೇಕು ಚಿಕ್ಕಮ್ಮ. ಮತ್ತೆ ಕೇಳ್ತೀನಿ. ನಿನ್ನ ಹೊಸ ಶಾಲು ಕೊಡು."

"ನಿಂಗೇ ಚೆನ್ನಾಗಿ ಕಾಣುತ್ತೆ, ಉಟ್ಕೊ... ಅಲ್ಲ, ಹೊದ್ಕೊ."

"ಉದ್ಧಾರ ಆಯ್ತು ಬಿಡು. ಮೇಷ್ಟ್ರು ಈ ಪ್ರಪಂಚಾನ ಸುಟ್ಟು ಹಾಕೋಣ ಅಂದ್ರೂ ನೀನು ಬೆಂಕಿಪೊಟ್ಣ ಹುಡುಕ್ತೀಯಾ."

ಹುಡುಗಿ ನಕ್ಕಳು. ಎಡಗೀಲಿ ನಗಲಿಲ್ಲ. ಹುಡುಗಿ ಮಲಗಲು ಹೋದ ಮೇಲೆ ಅವಳ ಊಟದ ತಟ್ಟೆಯನ್ನು ಎರಡೆರಡು ಸಲ ತೊಳೆದಳು. ತಪ್ಪಿದ್ದು ಹಳದಿ ದೀಪದಲ್ಲಿ. ಆದರೆ ಕೈ ಇದೇ ಕೈ ತಾನೇ? ಈ ತಟ್ಟೆ, ಈ ಹುಡುಗಿ, ದೂರದ ಯಾವುದೋ ಊರಿನ ಇಂಥದ್ದೇ ಹುಡುಗಿ, ಎಲ್ಲ ತಾನು ಅಂದ ಒಂದು ಹೂಂಗೆ ಬೂದಿಯಾಗುತ್ತಿತ್ತು. ಅವಳು ಸಿಂಕಿನ ಮುಂದೆ ನಿಂತು ಅತ್ತಳು.

ಕೆಲವು ದಿನ ಏನೂ ಆಗಲಿಲ್ಲ. ಆಮೇಲೆ ಒಂದು ಮಧ್ಯಾಹ್ನ, ಕಿತ್ತಳೆ ಸುಲಿಯುತ್ತಿದ್ದಾಗಲೇ ಗಂಟೆ ಹೊಡೆಯಿತು. ಮೇಷ್ಟ್ರ ಮೇಜಿನ ಫೋನೂ ಬಡಿದುಕೊಂಡಿತು. ಅವರು ಕಿವಿಗಿಟ್ಟು ಕೇಳಿ, ಇಟ್ಟು, ತಿರುಗಿದಾಗ ಮುಖ ಬಿಳಿಚಿಕೊಂಡಿತ್ತು.

"ಓದಿ ಎಡಗೀಲಿಯವರೇ, ಬೇಗ. ನನ್ನದು ಸರಿ ಇದೆ."

ಅವಳು ಅವರ ಮುಖ ನೋಡಲಿಲ್ಲ. ಪರದೆ ನೋಡಿದಳು, ಕಾರ್ಡು ನೋಡಿದಳು, ಅಕ್ಷರದ ಮೇಲೆ ಬೆರಳಿಟ್ಟು ಮತ್ತೆ ನೋಡಿದಳು. ನಡುವಿನ ಒಂದಕ್ಷರ ಬೇರೆ.

"ತಾಳೆ ಆಗಲ್ಲ ಮೇಷ್ಟ್ರೇ."

"ನಿಮ್ಮ ಪರದೆ ಕೆಟ್ಟಿದೆಯಂತೆ, ಈಗ ತಾನೇ ಫೋನಲ್ಲಿ ಹೇಳಿದ್ರು. ಅವರ ಕ್ಷಿಪಣಿ ಹೊರಟಾಗಿದೆ. ನಮ್ಮ ತಡೆ ಕ್ಷಿಪಣಿ ಗುರಿ ತಪ್ಪಿದೆ. ತಿರುಗಿಸಿ!"

"ತಾಳೆ ಆಗಲ್ಲ."

"ನನ್ನ ಮೇಲೆ ನಂಬಿಕೆ ಇಲ್ವಾ ನಿಮಗೆ? ಇಷ್ಟು ವರ್ಷ ಜೊತೆಗೆ ಕೂತು ಇದೇನಾ?" ಮೇಷ್ಟ್ರು ಕಿರುಚಿದರು. ಅವರು ದನಿ ಎತ್ತಿದ್ದನ್ನು ಅವಳು ಒಮ್ಮೆಯೂ ಕೇಳಿರಲಿಲ್ಲ. "ನಿಮ್ಮ ಕಾಲಿಗೆ ಬೀಳ್ತೀನಿ, ತಿರುಗಿಸಿ!"

ಅವಳ ಕೈ ಆಗಲೇ ಕೀಲಿಕೈ ಮೇಲೆ ಹೋಗಿ ಕೂತಿತ್ತು. ಅದು ತನ್ನ ಮಾತು ಕೇಳುತ್ತದೆಂಬ ಧೈರ್ಯ ಅವಳಿಗಿರಲಿಲ್ಲ. ಎರಡೂ ಕೈಗಳನ್ನು ತೊಡೆಯ ಕೆಳಗೆ ತೂರಿಸಿ ಅವುಗಳ ಮೇಲೆ ಗಟ್ಟಿಯಾಗಿ ಕೂತುಬಿಟ್ಟಳು. ಕಣ್ಣೀರು ಒರೆಸಿಕೊಳ್ಳಲೂ ಕೈ ಇಲ್ಲ.

"ನಿಮ್ಮ ಮೇಲೆ ಜೀವ ಇಟ್ಕೊಂಡಿದ್ದೀನಿ ಮೇಷ್ಟ್ರೇ," ಅಂದಳು. "ಇಲ್ಲ. ತಿರುಗಿಸಲ್ಲ."

ಗಂಟೆ ನಿಂತಿತು. ಬಾಗಿಲು ತೆರೆಯಿತು. ಪರೀಕ್ಷಕಿ ಒಳಗೆ ಬಂದು ದೀಪದ ಮೇಲಿನ ಕರವಸ್ತ್ರ ಬಿಚ್ಚಿ, ಅದರಲ್ಲೇ ಮೂಗು ಒರೆಸಿಕೊಂಡರು. ದೀಪ ಹಳದಿ.

"ಏನು ಮಾಡಿಯಾದ್ರೂ ತಿರುಗಿಸೋ ಹಾಗೆ ಮಾಡು ಅಂತ ಫೋನಲ್ಲಿ ಹೇಳಿದ್ದು ನಾನೇ. ಇವನನ್ನ ಬೈಬೇಡಮ್ಮ," ಅಂದರು. "ನೀವಿಬ್ಬರೂ ಕೂತಿರೋವರೆಗೆ ಈ ಕುರ್ಚಿಗಳು ನಿಮ್ಮವೇ. ಅಷ್ಟಕ್ಕೆ ಮೇಲಿನವರನ್ನ ಒಪ್ಪಿಸಿದ್ದೀನಿ. ಆದ್ರೆ ಹೊಸಬರನ್ನ ತಗೊಳಲ್ಲವಂತೆ. ಯಾರ ಕುರ್ಚಿ ಮೊದಲು ಖಾಲಿಯಾಗುತ್ತೋ ಅದು ಯಂತ್ರಕ್ಕೆ." ಅವರು ಹೊರಟುಹೋದರು.

ಮೇಷ್ಟ್ರು ಎದ್ದು ಬಂದು ಅವಳ ಮೇಜಿನ ಮುಂದೆ ತಪ್ಪು ಮಾಡಿದ ಹುಡುಗನ ಹಾಗೆ ನಿಂತರು. ಮಫ್ಲರಿನ ತುದಿಯಿಂದ ಕಣ್ಣೊರೆಸಿಕೊಂಡರು. ಬೆರಳು ಮೇಲೇಳಲಿಲ್ಲ.

"ಕಿರುಚಿಬಿಟ್ಟೆ. ಕ್ಷಮಿಸಿ."

"ಚೆನ್ನಾಗೇ ಕಿರುಚಿದ್ರಿ. ಎದೆ ಒಡೆದು ಹೋಯ್ತು."

"ನೀವು ಒಂದು ಮಾತು ಅಂದ್ರಲ್ಲ, ಜೀವ ಅಂತ... ಅದಕ್ಕೇ ಕೇಳ್ತೀನಿ. ನನ್ನನ್ನ ಮದುವೆ ಆಗ್ತೀರಾ? ಈ ಸಲಾನೂ ಸರಿಯಾಗಿ ಓದಿಕೊಂಡೇ ಹೇಳಿ."

ಹೂಂ ಅನ್ನುವುದು ಅವಳ ನಾಲಿಗೆಯ ತುದಿಗೇ ಬಂದಿತ್ತು. ಎಷ್ಟು ವರ್ಷದಿಂದ ಅಲ್ಲೇ ಕೂತಿತ್ತೋ! ಆದರೆ ಅವಳು ಓದಿದಳು. ಮದುವೆಯಾದರೆ ನಿಯಮದಂತೆ ಒಬ್ಬರು ಕುರ್ಚಿ ಬಿಟ್ಟು ಏಳಬೇಕು. ಎದ್ದರೆ, ಮೂಲೆಯಲ್ಲಿ ಹೊದಿಕೆ ಹೊದ್ದು ಕೂತಿರುವ ಅದು ಬಂದು ಕೂರುತ್ತದೆ. ಅದಕ್ಕೆ ತೊಡೆಯ ಕೆಳಗೆ ತೂರಿಸಿಕೊಳ್ಳಲು ಕೈಗಳಿಲ್ಲ.

"ಇಲ್ಲ ಮೇಷ್ಟ್ರೇ," ಅಂದಳು, ಅವರ ಕೈ ಹಿಡಿದುಕೊಂಡೇ.

ಮೇಷ್ಟ್ರು ಮೂಲೆಯ ಕಡೆ ನೋಡಿದರು. "ಗೊತ್ತಿತ್ತು. ಕೇಳದೇ ಇರೋಕೆ ಆಗಲಿಲ್ಲ."

ಅಂದಿನಿಂದ ದಿನವೂ ಪಾಳಿ ಮುಗಿಯುವಾಗ ಮೇಷ್ಟ್ರು ಮಫ್ಲರು ಸರಿಮಾಡಿಕೊಂಡು ಕೇಳುತ್ತಾರೆ, "ಇವತ್ತಾದ್ರೂ ಆಗ್ತೀರಾ?" ಎಡಗೀಲಿ ಕಿತ್ತಳೆಯ ಸಿಪ್ಪೆ ಬಳಿದು ಬುಟ್ಟಿಗೆ ಹಾಕುತ್ತಾ, "ಇಲ್ಲ ಮೇಷ್ಟ್ರೇ," ಅನ್ನುತ್ತಾಳೆ. ಕ್ಯಾಂಟೀನಿನವರು ಮೊದಮೊದಲು ನಗುತ್ತಿದ್ದರು, ಈಗ ನಗುವುದಿಲ್ಲ. ಯಂತ್ರದ ಹೊದಿಕೆಯ ಮೇಲೆ ಬೆರಳಲ್ಲಿ ಬರೆಯುವಷ್ಟು ಧೂಳು ಕೂತಿದೆ.

ಮೊನ್ನೆ ಮೇಷ್ಟ್ರಿಗೆ ಜ್ವರ. ಬಿಸಿಬಿಸಿ ಮೈಯಲ್ಲೇ ಬಂದು ಪಾಳಿ ಮುಗಿಸಿದರು, ಸುಸ್ತಾಗಿ ಬಾಗಿಲ ಕಡೆ ಹೊರಟೇಬಿಟ್ಟರು. ಎಡಗೀಲಿ ತನ್ನ ಕುರ್ಚಿಯಿಂದ ಏಳದೆ ಕೂಗಿದಳು.

"ಮೇಷ್ಟ್ರೇ, ಇವತ್ತು ಕೇಳೋದು ಮರೆತ್ರಲ್ಲ!"